ಬೇರ್‌ಬೆರಿ: ಮೂರರಲ್ಲಿ ಉಳಿದದ್ದು ಒಂದೇ ಗಿಡ, ಅದರ ಎಲೆ ಕಷಾಯಕ್ಕೆ ಆದೀತೇ?

ಇಳಿಜಾರು:
ಎಲ್ಲರಿಗೂ ನಮಸ್ಕಾರ. ಎರಡು ಪ್ರಶ್ನೆ ಹೊತ್ತು ಬಂದಿದ್ದೇನೆ. ಒಂದು ತೋಟದ್ದು, ಇನ್ನೊಂದು ಆರೋಗ್ಯದ್ದು.

ನಾನಿರುವುದು ವರ್ಷಕ್ಕೆ ನಾಲ್ಕು ತಿಂಗಳು ಹಿಮ ಕೂತಿರುವ ಜಾಗ. ಮನೆಯ ಹಿಂದೆ ಮರಳುಮಣ್ಣಿನ ಇಳಿಜಾರು, ಹಿಮ ಕರಗಿದಾಗಲೆಲ್ಲ ಮಣ್ಣು ಕೊಚ್ಚಿಕೊಂಡು ಕೆಳಗೆ ಬರುತ್ತದೆ. ನೆಲ ಹಿಡಿಯುವ, ಚಳಿಗಾಲದಲ್ಲೂ ಎಲೆ ಉದುರಿಸದ ಗಿಡ ಬೇಕೆಂದು ಹುಡುಕಿ ಎರಡು ವರ್ಷದ ಹಿಂದೆ ಮೂರು ಬೇರ್‌ಬೆರಿ ಸಸಿ ತಂದೆ. ಎರಡಕ್ಕೆ ದೊಡ್ಡ ಗುಂಡಿ ತೋಡಿ, ಚೆನ್ನಾಗಿ ಕಳಿತ ಗೊಬ್ಬರ ತುಂಬಿ ನೆಟ್ಟೆ, ದಿನಾ ನೀರು ಹಾಕಿದೆ. ಮೂರನೆಯದರ ಹೊತ್ತಿಗೆ ಗೊಬ್ಬರ ಮುಗಿದಿತ್ತು. ಬಂಡೆಯ ಪಕ್ಕದ ಜಲ್ಲಿಯಲ್ಲಿ ಹಾಗೇ ಊರಿಬಿಟ್ಟೆ. ಗೊಬ್ಬರ ಕಂಡ ಎರಡೂ ಮೊದಲ ಬೇಸಿಗೆಯಲ್ಲೇ ಎಲೆ ಕಪ್ಪಾಗಿ ಸತ್ತವು. ಬಂಡೆಯ ಪಕ್ಕದ್ದು ಮಾತ್ರ ಈಗ ಮೊಳದುದ್ದ ಹಬ್ಬಿದೆ. ಯಾಕೆ ಹೀಗಾಯಿತು?

ಎರಡನೆಯದು. ನಮ್ಮ ಅತ್ತಿಗೆಗೆ ಈ ವರ್ಷ ಮೂರು ಸಲ ಉರಿಮೂತ್ರ ಬಂತು. ಬೇರ್‌ಬೆರಿ ಎಲೆ ಇದಕ್ಕೆ ಹಳೆಯ ಮದ್ದು ಎಂದು ಎಲ್ಲೋ ಓದಿದೆ. ಮನೆಯ ಗಿಡದ ಎಲೆಯನ್ನೇ ಕಿತ್ತು ಕುದಿಸಿ ಕೊಡಬಹುದೇ? ಸಸಿಗೆ ಕಟ್ಟಿದ್ದ ಚೀಟಿ ಮಳೆಗೆ ಅಳಿಸಿಹೋಗಿದೆ, ಆದ್ದರಿಂದ ಇದು ಬೇರ್‌ಬೆರಿಯೇ ಹೌದೋ ಎಂಬ ಅನುಮಾನವೂ ಇದೆ.

ಬೇರುಬಿಳಲು:
ಮೊದಲ ಪ್ರಶ್ನೆಗೆ ಉತ್ತರ ನಿಮ್ಮ ಬರಹದಲ್ಲೇ ಇದೆ ಅಕ್ಕ. ಆ ಎರಡು ಗಿಡ ಸತ್ತದ್ದು ನಿಮ್ಮ ಉಪಚಾರದಿಂದ.

ಹನ್ನೆರಡು ವರ್ಷದಿಂದ ಈ ಗಿಡ ಬೆಳೆಸುತ್ತಿದ್ದೇನೆ, ನಾನೂ ಮೊದಲ ವರ್ಷ ಇದೇ ತಪ್ಪು ಮಾಡಿದವನು. ಬೇರ್‌ಬೆರಿ ಕಾಡಿನಲ್ಲಿ ಎಲ್ಲಿ ಬೆಳೆಯುತ್ತದೆ ನೋಡಿ. ಉತ್ತರ ಯುರೋಪು, ಸೈಬೀರಿಯ, ಕೆನಡಾ, ಅಲಾಸ್ಕ, ದಕ್ಷಿಣಕ್ಕೆ ಬಂದರೆ ಆಲ್ಪ್ಸ್, ಪಿರೆನೀಸ್, ರಾಕಿ ಪರ್ವತಗಳ ಎತ್ತರದ ಜಾಗಗಳು. ಅಲ್ಲೆಲ್ಲ ಅದು ಕೂರುವುದು ಪೈನ್ ಮರಗಳ ಕೆಳಗಿನ ಬಡಮಣ್ಣಿನಲ್ಲಿ, ಮರಳು ದಿಬ್ಬದ ಮೇಲೆ, ಬಂಡೆಯ ಬಿರುಕಿನಲ್ಲಿ. ಬೇರೆ ಗಿಡಕ್ಕೆ ಹೊಟ್ಟೆ ತುಂಬದ ನೆಲ ಇದಕ್ಕೆ ಮನೆ. ಫಲವತ್ತಾದ ಮಣ್ಣು ಕೊಟ್ಟರೆ ಕೊಬ್ಬಿದ ಮೆತ್ತನೆಯ ಚಿಗುರು ಬಿಡುತ್ತದೆ, ಅದಕ್ಕೆ ಬೂಸ್ಟು ಬಲು ಬೇಗ ತಗಲುತ್ತದೆ. ಅದರ ಮೇಲೆ ದಿನಾ ನೀರು ಬಿದ್ದರೆ ಬೇರಿಗೆ ಉಸಿರಾಡಲು ಜಾಗವಿಲ್ಲದೆ ಕೊಳೆಯುತ್ತದೆ.

ಇದರ ಬೇರಿನ ಸಂಗತಿ ಸ್ವಲ್ಪ ಬಿಡಿಸಿ ಹೇಳುತ್ತೇನೆ, ಯಾಕೆಂದರೆ ಇದು ಗೊತ್ತಾದ ಮೇಲೆಯೇ ನನ್ನ ಗಿಡಗಳು ಉಳಿದದ್ದು. ಬೇರ್‌ಬೆರಿ ಒಂಟಿಯಾಗಿ ಬದುಕುವ ಗಿಡವಲ್ಲ. ಮಣ್ಣಿನಲ್ಲಿರುವ ಕೆಲವು ಶಿಲೀಂಧ್ರಗಳು ಅದರ ಸಣ್ಣ ಬೇರುಗಳಿಗೆ ಕವಚದಂತೆ ಸುತ್ತಿಕೊಂಡು ಒಳಗೂ ಹೊಗುತ್ತವೆ. ಗಿಡ ಅವಕ್ಕೆ ಸಕ್ಕರೆ ಕೊಡುತ್ತದೆ, ಅವು ತಮ್ಮ ಎಳೆಗಳನ್ನು ದೂರದೂರಕ್ಕೆ ಚಾಚಿ ರಂಜಕ, ಸಾರಜನಕ ತಂದುಕೊಡುತ್ತವೆ. ಬಡಮಣ್ಣಿನಲ್ಲಿ ಬದುಕುವ ಗುಟ್ಟೇ ಈ ಒಡನಾಟ. ಕುಂಡದಿಂದ ಸಸಿಯನ್ನು ಮೆಲ್ಲಗೆ ತಟ್ಟಿ ಹೊರತೆಗೆದು ಬೇರಿನ ಗುಡ್ಡೆಯನ್ನು ಬೆಳಕಿಗೆ ಹಿಡಿದರೆ ಕೂದಲಿಗಿಂತ ತೆಳುವಾದ ಬೇರು, ಅದರ ತುದಿಯಲ್ಲಿ ಮಸುಕು ಬಿಳಿ ಎಳೆ ಕಾಣಿಸುತ್ತದೆ. ಆ ಮಣ್ಣನ್ನು ತೊಳೆದು, ಬೇರು ಬಿಡಿಸಿ ನೆಡುವವರನ್ನು ನೋಡಿದ್ದೇನೆ. ನನಗೆ ಹೊಟ್ಟೆ ಉರಿಯುತ್ತದೆ. ಗುಡ್ಡೆ ಹೇಗಿದೆಯೋ ಹಾಗೆಯೇ ನೆಲಕ್ಕೆ ಇಳಿಯಬೇಕು.

ಮಣ್ಣು ಹುಳಿ ಇರಬೇಕು, ಪಿಹೆಚ್ 4.5ರಿಂದ 5.5ರ ಆಸುಪಾಸು. ಸುಣ್ಣ, ಬೂದಿ ಹತ್ತಿರ ಸುಳಿಯಬಾರದು. ಪೂರ್ತಿ ಬಿಸಿಲು ಅಥವಾ ಅರೆನೆರಳು. ಮೊದಲ ವರ್ಷ ಮಣ್ಣು ಒಣಗಿದಾಗ ಮಾತ್ರ ನೀರು, ಆಮೇಲೆ ಮಳೆಯೇ ಸಾಕು. ಗೊಬ್ಬರ ಬೇಡವೇ ಬೇಡ.

ಇಳಿಜಾರು:
ಓದಿ ಸಂಕಟವಾಯಿತು. ಕುಂಡದ ಮಣ್ಣು ಗಟ್ಟಿಯಾಗಿದೆ ಎಂದು ಆ ಎರಡು ಸಸಿಗಳ ಬೇರನ್ನು ಬೆರಳಿನಿಂದ ಬಿಡಿಸಿಯೇ ನೆಟ್ಟಿದ್ದೆ. ಬಂಡೆಯ ಪಕ್ಕದ್ದನ್ನು ಅವಸರದಲ್ಲಿ ಗುಡ್ಡೆ ಸಮೇತ ಇಟ್ಟಿದ್ದೆ. ಈಗ ಅದನ್ನು ಅಗೆದು ಇಳಿಜಾರಿನ ನಡುವಿಗೆ ತರಬಹುದೇ?

ಬೇರುಬಿಳಲು:
ದಯವಿಟ್ಟು ಬೇಡ. ಬೇರೂರಿದ ಬೇರ್‌ಬೆರಿಯನ್ನು ಎತ್ತಿದರೆ ನೂರಕ್ಕೆ ತೊಂಬತ್ತು ಪಾಲು ಸಾಯುತ್ತದೆ ಎಂಬುದು ನನ್ನ ಅನುಭವ. ಅದು ಇರುವಲ್ಲೇ ಇರಲಿ, ಅದರಿಂದ ಮರಿ ಮಾಡುವ ದಾರಿ ಆಮೇಲೆ ಹೇಳುತ್ತೇನೆ.

ಎಲೆಯ ಬೆನ್ನು:
ನಾನು ಸಸ್ಯಶಾಸ್ತ್ರ ಓದಿದವಳು. ಗುರುತಿನ ಬಗ್ಗೆ ಹೇಳುತ್ತೇನೆ. ಬಾಯಿಗೆ ಹಾಕುವ ಮಾತು ಬಂದಿರುವುದರಿಂದ ಇದು ಸಣ್ಣ ವಿಷಯವಲ್ಲ.

ಒಂದು ಎಲೆ ಕಿತ್ತು ಬೆನ್ನು ಮೇಲೆ ಮಾಡಿ ನೋಡಿ. ಬೇರ್‌ಬೆರಿ ಎಲೆ ಒಂದರಿಂದ ಮೂರು ಸೆಂಟಿಮೀಟರ್ ಉದ್ದ, ಪುಟ್ಟ ಚಮಚದ ಆಕಾರ: ತೊಟ್ಟಿನ ಕಡೆ ಕಿರಿದು, ತುದಿಯ ಕಡೆ ಅಗಲ. ತೊಗಲಿನಂತೆ ದಪ್ಪ, ಮೇಲುಗಡೆ ಹೊಳಪು. ಬೆನ್ನಿನಲ್ಲಿ ಬಲೆ ಹೆಣೆದಂತೆ ನರಗಳು ಕಾಣಬೇಕು, ಚುಕ್ಕೆ ಇರಬಾರದು. ಅಂಚು ಚಪ್ಪಟೆ.

ಇದರ ಜೊತೆಯಲ್ಲೇ ಬೆಳೆಯುವ ಲಿಂಗನ್‌ಬೆರಿಯನ್ನು ಜನ ಇದೇ ಎಂದುಕೊಳ್ಳುತ್ತಾರೆ. ಅದರ ಎಲೆಯ ಬೆನ್ನಿನಲ್ಲಿ ಸೂಜಿಯಲ್ಲಿ ಚುಚ್ಚಿದಂತೆ ಕಂದು ಚುಕ್ಕೆಗಳಿರುತ್ತವೆ, ಅಂಚು ಕೆಳಕ್ಕೆ ಮಡಿಚಿರುತ್ತದೆ. ಹಣ್ಣು ಬಿಟ್ಟಾಗ ಇನ್ನೂ ಸುಲಭ. ಎರಡೂ ಕೆಂಪೇ, ಆದರೆ ಕತ್ತರಿಸಿದರೆ ಲಿಂಗನ್‌ಬೆರಿಯೊಳಗೆ ರಸ ಮತ್ತು ಸಣ್ಣ ಸಣ್ಣ ಬೀಜ, ಬೇರ್‌ಬೆರಿಯೊಳಗೆ ಒಣ ಹಿಟ್ಟಿನಂತಹ ತಿರುಳು ಮತ್ತು ನಡುವೆ ಕಲ್ಲಿನಂತಹ ಓಟೆ. ಲಿಂಗನ್‌ಬೆರಿ ಎಂದು ತಪ್ಪಿದರೆ ಪ್ರಾಣಕ್ಕೇನೂ ಅಪಾಯವಿಲ್ಲ. ಭಯವಿರುವುದು ಬಾಕ್ಸ್‌ವುಡ್ ಎಂಬ ಬೇಲಿಗಿಡದ ಬಗ್ಗೆ, ಅದು ವಿಷ. ಒಣಗಿದ ಎಲೆಗಳ ರಾಶಿಯಲ್ಲಿ ಅದು ಬೆರೆತಿದ್ದರೆ ಪತ್ತೆ ಹಚ್ಚುವುದು ಕಷ್ಟ, ಗಿಡದ ಮೇಲಿದ್ದಾಗ ಮಾತ್ರ ಸುಲಭ: ಬಾಕ್ಸ್‌ವುಡ್ ಎಲೆಗಳು ಕಾಂಡದ ಮೇಲೆ ಎದುರುಬದುರು ಜೋಡಿಯಾಗಿರುತ್ತವೆ, ಬೇರ್‌ಬೆರಿಯವು ಒಂದು ಆ ಕಡೆ, ಒಂದು ಈ ಕಡೆ, ಪರ್ಯಾಯವಾಗಿ.

ಹೆಸರಿನ ಬಗ್ಗೆ ಒಂದು ಮಾತು ಹೇಳದಿದ್ದರೆ ನನಗೆ ಸಮಾಧಾನವಿಲ್ಲ. ಶಾಸ್ತ್ರೀಯ ಹೆಸರು ಆರ್ಕ್ಟೊಸ್ಟಾಫಿಲೋಸ್ ಊವಾ-ಉರ್ಸಿ. ಮೊದಲ ಪದ ಗ್ರೀಕ್, ಕರಡಿಯ ದ್ರಾಕ್ಷಿಗೊಂಚಲು ಎಂದರ್ಥ. ಎರಡನೆಯದು ಲ್ಯಾಟಿನ್, ಅದೂ ಕರಡಿಯ ದ್ರಾಕ್ಷಿಯೇ. 1753ರಲ್ಲಿ ಸಸ್ಯವಿಜ್ಞಾನಿ ಲಿನೇಯಸ್ ಇದನ್ನು ಅರ್ಬ್ಯುಟಸ್ ಗುಂಪಿಗೆ ಸೇರಿಸಿದ್ದ, ಆಮೇಲೆ ಸ್ಪ್ರೆಂಗೆಲ್ ಎಂಬ ಇನ್ನೊಬ್ಬ ಸಸ್ಯವಿಜ್ಞಾನಿ ಗುಂಪು ಬದಲಿಸಿದಾಗ ಒಂದೇ ಮಾತು ಎರಡು ಭಾಷೆಯಲ್ಲಿ ನಿಂತುಬಿಟ್ಟಿತು. ಆದರೆ ಗಿಡದ ಜೊತೆ ಬದುಕಿದ ಜನರ ಕಣ್ಣಿಗೆ ಬಿದ್ದದ್ದು ಕರಡಿ ಒಂದೇ ಅಲ್ಲ. ಸ್ವೀಡಿಷರು ಮ್ಯೋಲೊನ್ ಅನ್ನುತ್ತಾರೆ, ಹಿಟ್ಟು ಎಂಬ ಪದದಿಂದ ಬಂದದ್ದು. ರಷ್ಯನ್ನರ ತೊಲೊಕ್ನ್ಯಾಂಕಾ ಕೂಡ ಓಟ್ಸ್ ಹಿಟ್ಟಿನ ಹೆಸರೇ. ಆ ಹಣ್ಣನ್ನು ಕಚ್ಚಿ ನೋಡಿದವರು ಇಟ್ಟ ಹೆಸರುಗಳಿವು.

ಇಳಿಜಾರು:
ಈಗಷ್ಟೇ ಹೊರಗೆ ಹೋಗಿ ಎಲೆ ತಿರುವಿ ನೋಡಿ ಬಂದೆ. ಚುಕ್ಕೆ ಇಲ್ಲ. ಬೆನ್ನಿನಲ್ಲಿ ಬಲೆ ಸ್ಪಷ್ಟವಾಗಿದೆ, ಬೆರಳಿಗೆ ಸಿಗುವಷ್ಟು. ಎಲೆಗಳು ಪರ್ಯಾಯವಾಗಿಯೇ ಇವೆ. ಒಂದು ಅನುಮಾನ: ಕೆಲವು ಎಲೆ ಕಂದುಗೆಂಪಾಗಿವೆ, ರೋಗವೇ?

ಎಲೆಯ ಬೆನ್ನು:
ಚಳಿಗೆ ಕೆಂಪಡರುವುದು ಈ ಗಿಡದ ಸಹಜ ಗುಣ. ವಸಂತದಲ್ಲಿ ಅದೇ ಎಲೆ ಮತ್ತೆ ಹಸಿರಾಗುತ್ತದೆ. ಒಂದೊಂದು ಎಲೆ ಎರಡು ಮೂರು ವರ್ಷ ಗಿಡದ ಮೇಲಿರುತ್ತದೆ. ಬೇಸಿಗೆಯಲ್ಲಿ ಎಲೆಯಂಚು ಕೆಂಪಾಗಿ ಊದಿ ಮಡಿಚಿಕೊಂಡರೆ ಮಾತ್ರ ಅದು ಒಂದು ಜಾತಿಯ ಗಿಡಹೇನಿನ ಕೆಲಸ, ಆಗ ಆ ಎಲೆಗಳನ್ನಷ್ಟೇ ಚಿವುಟಿ ತೆಗೆಯಿರಿ.

ಬೇರುನಾರು:
ಗಿಡ ಸರಿಯಾದದ್ದೇ ಎಂದ ಮೇಲೆ ಯೋಚನೆ ಏಕೆ ಅಕ್ಕ? ಒಂದು ಹಿಡಿ ಎಲೆ ಚೆನ್ನಾಗಿ ಕುದಿಸಿ ಸೋಸಿ ದಿನಾ ಎರಡು ಹೊತ್ತು ಒಂದು ತಿಂಗಳು ಕುಡಿಸಿ. ವೇಲ್ಸ್ ನಾಡಿನ ಮಿಡ್‌ವೈ ವೈದ್ಯರು ಹದಿಮೂರನೆಯ ಶತಮಾನದಲ್ಲೇ ಇದನ್ನು ಬಳಸುತ್ತಿದ್ದರು ಎನ್ನುತ್ತಾರೆ. 1788ರಲ್ಲಿ ಲಂಡನ್ನಿನ ಔಷಧಕೋಶಕ್ಕೂ, ಅಂದರೆ ಔಷಧಿಗಳ ಅಧಿಕೃತ ಪುಸ್ತಕಕ್ಕೂ, ಸೇರಿತು. ಇಷ್ಟು ಶತಮಾನ ಜನ ಸುಮ್ಮನೆ ಕುಡಿದರೇ? ಎಲೆಯಲ್ಲವೇ, ಅಡ್ಡ ಪರಿಣಾಮ ಏನು ಬರುತ್ತದೆ?

ಮದ್ದಿನ ಮನೆ:
ನಾನು ಔಷಧ ವಿತರಣೆಯ ಕೆಲಸದಲ್ಲಿರುವವಳು. ಬೇರುನಾರು ಅವರೇ, ನಿಮ್ಮ ಕಾಳಜಿ ಅರ್ಥವಾಗುತ್ತದೆ. ಆದರೆ ಒಂದು ತಿಂಗಳು, ದಿನಾ, ಒಂದು ಹಿಡಿ, ಚೆನ್ನಾಗಿ ಕುದಿಸಿ ಎಂಬ ನಾಲ್ಕೂ ಮಾತು ತಪ್ಪು. ಎಲೆ ನಿಷ್ಪ್ರಯೋಜಕ ಎಂದು ಹೇಳುತ್ತಿಲ್ಲ. ಅದರಲ್ಲಿ ನಿಜಕ್ಕೂ ಕೆಲಸ ಮಾಡುವ ರಾಸಾಯನಿಕ ಇರುವುದರಿಂದಲೇ ಎಚ್ಚರಿಕೆ ಬೇಕು.

ಒಣ ಎಲೆಯಲ್ಲಿ ಅರ್ಬ್ಯುಟಿನ್ ಎಂಬ ವಸ್ತುವಿದೆ. ಔಷಧಿಯೆಂದು ಮಾರುವ ಎಲೆಯಲ್ಲಿ ಅದು ಕನಿಷ್ಠ ಶೇ. 7 ಇರಬೇಕೆಂದು ಯುರೋಪಿನ ಔಷಧಕೋಶ ಹೇಳುತ್ತದೆ. ಹೊಟ್ಟೆಗೆ ಹೋದ ಮೇಲೆ ಅರ್ಬ್ಯುಟಿನ್ ಒಡೆದು ಹೈಡ್ರೊಕ್ವಿನೋನ್ ಆಗುತ್ತದೆ. ಇದು ಬ್ಯಾಕ್ಟೀರಿಯಾ ಕೊಲ್ಲುತ್ತದೆ, ನಮ್ಮ ಜೀವಕೋಶಗಳಿಗೂ ಒಳ್ಳೆಯದಲ್ಲ. ಯಕೃತ್ತು ಅದಕ್ಕೆ ಬೇರೆ ಅಣುಗಳನ್ನು ಅಂಟಿಸಿ ನಿರುಪದ್ರವಿಯನ್ನಾಗಿ ಮಾಡಿ ಮೂತ್ರಪಿಂಡದ ಕಡೆ ಕಳಿಸುತ್ತದೆ. ಮೂತ್ರದಲ್ಲಿ ಅದರ ಒಂದು ಸಣ್ಣ ಪಾಲು ಮತ್ತೆ ಬಿಡುಗಡೆಯಾಗಿ ಅಲ್ಲಿನ ಬ್ಯಾಕ್ಟೀರಿಯಾ ಮೇಲೆ ಕೆಲಸ ಮಾಡುತ್ತದೆ. ಉರಿಮೂತ್ರಕ್ಕೆ ಈ ಎಲೆ ಬಂದ ದಾರಿ ಇದು. ಕುಡಿದವರ ಮೂತ್ರ ಹಸಿರುಗಂದು ಬಣ್ಣಕ್ಕೆ ತಿರುಗುವುದೂ ಇದರಿಂದಲೇ, ಅದನ್ನು ಕಂಡು ಗಾಬರಿಯಾಗಬೇಕಿಲ್ಲ.

ಇನ್ನು ಕುದಿಸುವ ಮಾತು. ಎಲೆಯಲ್ಲಿ ಒಗರು ವಸ್ತು, ಅಂದರೆ ಟ್ಯಾನಿನ್, ಶೇ. 15ರಿಂದ 20ರವರೆಗೂ ಇರುತ್ತದೆ. ಕುದಿಸಿದಷ್ಟೂ ಅದು ನೀರಿಗೆ ಇಳಿಯುತ್ತದೆ. ಗುಟುಕರಿಸಿದರೆ ನಾಲಿಗೆ ಬಿಗಿದು ಒರಟಾದಂತಾಗುತ್ತದೆ, ಹೊಟ್ಟೆಯೊಳಗೂ ಅದೇ ಆಗಿ ವಾಕರಿಕೆ, ವಾಂತಿ ಬರುತ್ತದೆ. ಅದಕ್ಕೇ ಹಳಬರು ಎಲೆಯನ್ನು ಪುಡಿಮಾಡಿ ತಣ್ಣೀರಿನಲ್ಲಿ ರಾತ್ರಿಯೆಲ್ಲ ನೆನೆಹಾಕಿ ಬೆಳಿಗ್ಗೆ ಸೋಸುತ್ತಿದ್ದರು. ಅರ್ಬ್ಯುಟಿನ್ ತಣ್ಣೀರಿಗೂ ಇಳಿಯುತ್ತದೆ, ಟ್ಯಾನಿನ್ ಅಷ್ಟಾಗಿ ಇಳಿಯುವುದಿಲ್ಲ. ಈ ಹಳೆಯ ಕ್ರಮದ ಬಗ್ಗೆ ನನಗೆ ತುಂಬ ಗೌರವವಿದೆ.

ಯುರೋಪಿನ ಔಷಧ ನಿಯಂತ್ರಣ ಸಂಸ್ಥೆ ಬಹುಕಾಲದ ಬಳಕೆಯ ಆಧಾರದ ಮೇಲೆ ಇದಕ್ಕೆ ಒಪ್ಪಿಗೆ ಕೊಟ್ಟಿದೆ, ಆದರೆ ಬೇಲಿ ಹಾಕಿಯೇ ಕೊಟ್ಟಿದೆ. ವಯಸ್ಕ ಮಹಿಳೆಯರಿಗೆ ಮಾತ್ರ. ಮೂತ್ರಕೋಶದ ಸೌಮ್ಯ ತೊಂದರೆಗೆ ಮಾತ್ರ, ಅದೂ ಗಂಭೀರ ಕಾಯಿಲೆ ಇಲ್ಲವೆಂದು ವೈದ್ಯರು ಖಚಿತಪಡಿಸಿದ ಮೇಲೆ. ಒಂದು ಸಲಕ್ಕೆ 1.5ರಿಂದ 4 ಗ್ರಾಂ ಒಣ ಎಲೆ, ದಿನಕ್ಕೆ ಎಲ್ಲ ಸೇರಿ 8 ಗ್ರಾಂ ಮೀರಬಾರದು. ಒಂದು ವಾರಕ್ಕಿಂತ ಹೆಚ್ಚು ಇಲ್ಲ, ನಾಲ್ಕು ದಿನದಲ್ಲಿ ಕಡಿಮೆಯಾಗದಿದ್ದರೆ ವೈದ್ಯರ ಬಳಿ ಹೋಗಲೇಬೇಕು. ವರ್ಷಕ್ಕೆ ಐದು ಸಲ ಮೀರಬಾರದು ಎಂಬುದು ಗಿಡಮೂಲಿಕೆ ಔಷಧಿಗಳನ್ನು ಪರಿಶೀಲಿಸಿದ ಜರ್ಮನಿಯ ಸಮಿತಿ ಕಮಿಷನ್ ಇ ಹೇಳಿದ್ದು. ಬಸುರಿಯರಿಗೆ, ಹಾಲುಣಿಸುವವರಿಗೆ, ಹದಿನೆಂಟರೊಳಗಿನವರಿಗೆ, ಮೂತ್ರಪಿಂಡದ ಕಾಯಿಲೆ ಇರುವವರಿಗೆ ಬೇಡ. ಗಂಡಸರಿಗೆ ಉರಿಮೂತ್ರ ಬಂದರೆ ಕಾರಣ ಬೇರೆಯೇ ಇರಬಹುದು, ಅವರು ನೇರ ವೈದ್ಯರ ಬಳಿಗೆ.

2004ರಲ್ಲಿ ಪ್ರಕಟವಾದ ಒಂದು ಪ್ರಕರಣ ನನ್ನ ಮನಸ್ಸಿನಿಂದ ಹೋಗುವುದಿಲ್ಲ. ಮೂರು ವರ್ಷ ಎಡೆಬಿಡದೆ ಈ ಎಲೆಯ ಚಹಾ ಕುಡಿದ 56 ವರ್ಷದ ಮಹಿಳೆಯೊಬ್ಬರ ಕಣ್ಣಿನ ಅಕ್ಷಿಪಟಲದ ನಡುಭಾಗ ಹಾಳಾಗಿ ದೃಷ್ಟಿ ಕುಂದಿತ್ತು. ಹೈಡ್ರೊಕ್ವಿನೋನ್ ಮೆಲನಿನ್ ಎಂಬ ಬಣ್ಣದ ವಸ್ತುವಿನ ತಯಾರಿಯನ್ನು ತಡೆಯುತ್ತದೆ, ಕಣ್ಣಿನ ಆ ಪದರಕ್ಕೆ ಮೆಲನಿನ್ ಬೇಕು. ಒಂದೇ ಪ್ರಕರಣ, ನಿಜ. ಎಲೆಯಿಂದ ಏನಾಗುತ್ತದೆ ಎಂದು ಕೇಳಿದಿರಲ್ಲ, ಅದಕ್ಕೆ ಹೇಳಿದೆ.

ಬೇರುನಾರು:
ಕಣ್ಣಿನ ವಿಷಯ ನನಗೆ ಗೊತ್ತಿರಲಿಲ್ಲ. ಒಂದು ತಿಂಗಳು ಎಂದು ಬರೆದದ್ದನ್ನು ವಾಪಸ್ ತೆಗೆದುಕೊಳ್ಳುತ್ತೇನೆ. ಆದರೂ ಒಂದು ವಾರದ ಮಟ್ಟಿಗೆ ಆಂಟಿಬಯಾಟಿಕ್ ಬದಲು ಇದನ್ನು ಕೊಟ್ಟರೆ ತಪ್ಪೇನು? ಆಂಟಿಬಯಾಟಿಕ್ಕಿಗೆ ಬಗ್ಗದ ಬ್ಯಾಕ್ಟೀರಿಯಾ ಹೆಚ್ಚುತ್ತಿವೆ ಎಂದು ವೈದ್ಯರೇ ಹೇಳುತ್ತಾರಲ್ಲ.

ಮದ್ದಿನ ಮನೆ:
ಇದು ಒಳ್ಳೆಯ ಪ್ರಶ್ನೆ. ಈ ಕಾರಣಕ್ಕಾಗಿಯೇ ಎರಡು ದೊಡ್ಡ ಪ್ರಯೋಗಗಳಾದವು.

2019ರಲ್ಲಿ ಪ್ರಕಟವಾದ ಬ್ರಿಟನ್ನಿನ ಪ್ರಯೋಗದಲ್ಲಿ 382 ಮಹಿಳೆಯರಿದ್ದರು. ಬೇರ್‌ಬೆರಿ ಸಾರದ ಗುಳಿಗೆ ತೆಗೆದುಕೊಂಡವರಿಗೂ ಔಷಧವಿಲ್ಲದ ಹುಸಿಗುಳಿಗೆ ತೆಗೆದುಕೊಂಡವರಿಗೂ ಮೊದಲ ಕೆಲವು ದಿನಗಳ ತೊಂದರೆಯಲ್ಲಿ ಹೇಳಿಕೊಳ್ಳುವಂತಹ ವ್ಯತ್ಯಾಸ ಕಾಣಲಿಲ್ಲ. 2021ರಲ್ಲಿ ಪ್ರಕಟವಾದ ಜರ್ಮನಿಯ ಪ್ರಯೋಗದಲ್ಲಿ 398 ಮಹಿಳೆಯರು. ಅರ್ಧದಷ್ಟು ಜನರಿಗೆ ಬೇರ್‌ಬೆರಿ, ಉಳಿದವರಿಗೆ ಫಾಸ್ಫೊಮೈಸಿನ್ ಎಂಬ ಆಂಟಿಬಯಾಟಿಕ್. ಬೇರ್‌ಬೆರಿ ಗುಂಪಿನಲ್ಲಿ ಆಂಟಿಬಯಾಟಿಕ್ ಬಳಕೆ ಅರ್ಧಕ್ಕಿಂತ ಹೆಚ್ಚು ಇಳಿಯಿತು, ಬಹಳ ಜನ ಅದಿಲ್ಲದೆಯೇ ಗುಣವಾದರು. ಆದರೆ ಅದೇ ಗುಂಪಿನವರು ಹೆಚ್ಚು ನೋವು ಉಂಡರು, ಸೋಂಕು ಮೂತ್ರಪಿಂಡಕ್ಕೆ ಏರಿದ ಪ್ರಕರಣಗಳೂ ಅಲ್ಲೇ ಹೆಚ್ಚು.

ಒಮ್ಮೆ ಬಂದುಹೋಗುವ ಸಣ್ಣ ಉರಿಗೆ ವೈದ್ಯರೊಡನೆ ಮಾತಾಡಿ ನಾಲ್ಕು ದಿನ ನೋಡುವುದು ಒಂದು ಮಾತು. ವರ್ಷಕ್ಕೆ ಮೂರು ಸಲ ಬಂದಿದೆ ಎಂದರೆ ಮಾತೇ ಬೇರೆ. ಮೂತ್ರ ಪರೀಕ್ಷೆಗೆ ಕೊಟ್ಟು ಯಾವ ಬ್ಯಾಕ್ಟೀರಿಯಾ, ಅದು ಯಾವ ಔಷಧಿಗೆ ಬಗ್ಗುತ್ತದೆ ಎಂದು ತಿಳಿಯದೆ ಕಷಾಯವನ್ನೂ ಕೊಡಬಾರದು, ಮಾತ್ರೆಯನ್ನೂ ಕೊಡಬಾರದು.

ನೀರಿನ ಋಣ:
ಇಲ್ಲಿ ಬರೆಯಬೇಕೋ ಬೇಡವೋ ಎಂದು ಎರಡು ದಿನ ಯೋಚಿಸಿದೆ. ಇಳಿಜಾರು ಅಕ್ಕನ ಅತ್ತಿಗೆಗಾಗಿ ಬರೆಯುತ್ತಿದ್ದೇನೆ.

ನನಗೂ ಪದೇ ಪದೇ ಉರಿಮೂತ್ರ ಬರುತ್ತಿತ್ತು. ಗಿಡಮೂಲಿಕೆ ಮಾರುವವರೊಬ್ಬರು ಬೇರ್‌ಬೆರಿ ಎಲೆಯ ಪೊಟ್ಟಣ ಕೊಟ್ಟು, ಎಷ್ಟು ದಿನ ಬೇಕಾದರೂ ಕುಡಿಯಿರಿ, ಏನೂ ಆಗುವುದಿಲ್ಲ ಎಂದರು. ಕುಡಿದೆ. ಮೂರನೆಯ ದಿನಕ್ಕೆ ಉರಿ ತಗ್ಗಿತು. ಅಷ್ಟಕ್ಕೇ ನಂಬಿಕೆ ಬಲವಾಯಿತು. ಐದಾರು ದಿನ ಬಿಟ್ಟು ಮತ್ತೆ ಬಂತು, ಮತ್ತೆ ಕುಡಿದೆ. ಹೀಗೆ ಮೂರು ವಾರ. ಒಂದು ರಾತ್ರಿ ಬೆನ್ನಿನ ಬಲಗಡೆ, ಪಕ್ಕೆಲುಬಿನ ಕೆಳಗೆ, ಯಾರೋ ಮುಷ್ಟಿಯಿಂದ ಒತ್ತುತ್ತಿರುವಂತಹ ನೋವು ಶುರುವಾಯಿತು. ಹಲ್ಲು ಕಟಕಟಿಸುವ ಚಳಿ, ಮೂರು ಕಂಬಳಿ ಹೊದ್ದರೂ ನಿಲ್ಲಲಿಲ್ಲ. ಆಮೇಲೆ ಜ್ವರ 103ಕ್ಕೆ ಏರಿತು. ಬೆಳಿಗ್ಗೆ ಆಸ್ಪತ್ರೆಗೆ ಸೇರಿಸಿದರು. ಸೋಂಕು ಮೂತ್ರಪಿಂಡಕ್ಕೆ ಹೋಗಿತ್ತು. ಐದು ದಿನ ರಕ್ತನಾಳದ ಮೂಲಕ ಔಷಧಿ.

ಎಲೆಯನ್ನು ನಾನು ಬೈಯುವುದಿಲ್ಲ. ಆ ಮೂರು ವಾರ ನನಗೆ ಬೇಕಾಗಿದ್ದದ್ದು ಒಂದು ಪರೀಕ್ಷೆ. ಅತ್ತಿಗೆಗೆ ಚಳಿಜ್ವರ, ಬೆನ್ನು ಅಥವಾ ಪಕ್ಕೆಯಲ್ಲಿ ನೋವು, ವಾಂತಿ, ಮೂತ್ರದಲ್ಲಿ ರಕ್ತ, ಇವುಗಳಲ್ಲಿ ಒಂದು ಕಂಡರೂ ಅವತ್ತೇ ಕರೆದುಕೊಂಡು ಹೋಗಿ ಅಕ್ಕ. ನಾಳೆ ಎನ್ನಬೇಡಿ.

ಇಳಿಜಾರು:
ತಂಗಿ, ಬರೆದದ್ದಕ್ಕೆ ತುಂಬ ಕೃತಜ್ಞತೆ. ಓದಿದ ಕೂಡಲೇ ಅತ್ತಿಗೆಗೆ ಫೋನ್ ಮಾಡಿದೆ. ಜ್ವರ ಇಲ್ಲ, ಬೆನ್ನುನೋವು ಇಲ್ಲ. ನಾಳೆ ಬೆಳಿಗ್ಗೆ ಪರೀಕ್ಷೆಗೆ ಹೋಗುತ್ತಿದ್ದೇವೆ.

ಮದ್ದಿನ ಮನೆ:
ಒಳ್ಳೆಯದು. ಆಂಟಿಬಯಾಟಿಕ್ ಶುರುಮಾಡುವ ಮೊದಲೇ ಮೂತ್ರದ ಮಾದರಿ ಕೊಡಿ, ಆಮೇಲೆ ಕೊಟ್ಟರೆ ಫಲಿತಾಂಶ ಸರಿಯಾಗಿ ಬರುವುದಿಲ್ಲ. ಮೊದಲು ಸ್ವಲ್ಪ ಬಿಟ್ಟು ನಡುವಿನ ಧಾರೆಯನ್ನು ಹಿಡಿಯಬೇಕು. ಒಂದು ಲೆಕ್ಕವನ್ನೂ ಹೇಳಿಬಿಡುತ್ತೇನೆ. ಪೂರ್ಣ ಪ್ರಮಾಣದಲ್ಲಿ ಒಂದು ವಾರಕ್ಕೆ 56 ಗ್ರಾಂ ಒಣ ಎಲೆ ಬೇಕು. ಮೊಳದುದ್ದದ ಗಿಡವನ್ನು ಪೂರ್ತಿ ಬೋಳಿಸಿದರೂ ಅಷ್ಟು ಸಿಗುವುದಿಲ್ಲ. ಜೊತೆಗೆ ಮನೆಯ ಗಿಡದ ಎಲೆಯಲ್ಲಿ ಅರ್ಬ್ಯುಟಿನ್ ಎಷ್ಟಿದೆ ಎಂದು ಅಳೆಯುವ ದಾರಿ ನಮಗಿಲ್ಲ, ಜಾಗ ಬದಲಾದಂತೆ, ಋತು ಬದಲಾದಂತೆ ಅದೂ ಬದಲಾಗುತ್ತದೆ.

ಬೇರುನಾರು:
ಕಷಾಯದ ಜೊತೆ ಅಡಿಗೆ ಸೋಡಾ ಕುಡಿಯಬೇಕು, ಮೂತ್ರ ಕ್ಷಾರವಾದರೆ ಮಾತ್ರ ಎಲೆ ಕೆಲಸ ಮಾಡುತ್ತದೆ ಎಂದೂ ಓದಿದ್ದೆ. ಅದು ಸರಿಯೇ?

ಮದ್ದಿನ ಮನೆ:
ಹಳೆಯ ಪುಸ್ತಕಗಳಲ್ಲಿ ಹಾಗೆ ಇದೆ. ಬ್ಯಾಕ್ಟೀರಿಯಾಗಳೇ ಆ ವಸ್ತುವನ್ನು ಒಡೆದು ಹೈಡ್ರೊಕ್ವಿನೋನನ್ನು ಬಿಡಿಸಿಕೊಳ್ಳುತ್ತವೆ, ಕ್ಷಾರ ಬೇಕಿಲ್ಲ ಎಂಬ ವಾದ ಆಮೇಲೆ ಬಂತು. ವಾದ ಏನೇ ಇರಲಿ, ಸೋಡಾದಲ್ಲಿ ಸೋಡಿಯಂ ತುಂಬ ಇದೆ, ರಕ್ತದೊತ್ತಡ ಇರುವವರಿಗೆ ಅಪಾಯ. ಮನೆಯಲ್ಲಿ ಆ ಪ್ರಯೋಗ ಬೇಡ.

ಶಾಯಿಬೆರಳು:
ಅಕ್ಷರ ಬರೆಯುವ ಹವ್ಯಾಸದಿಂದ ನಾನು ಈ ಗಿಡಕ್ಕೆ ಬಂದವನು. ಮದ್ದಿನ ಮನೆ ಅವರು ಟ್ಯಾನಿನ್ ಎಂದಾಗ ಕೈ ತಡೆಯಲಿಲ್ಲ, ವಿಷಯ ಸ್ವಲ್ಪ ಪಕ್ಕಕ್ಕೆ ಹೋದರೆ ಕ್ಷಮಿಸಿ.

ಹೊಟ್ಟೆ ಕೆಡಿಸುವ ಆ ಒಗರೇ ರಷ್ಯ, ಸ್ವೀಡನ್ ಕಡೆ ತೊಗಲು ಹದ ಮಾಡಲು ಬಳಕೆಯಾಗುತ್ತಿತ್ತು. ಐಸ್‌ಲ್ಯಾಂಡಿನಲ್ಲಿ ಈ ಗಿಡದ ಹೆಸರು ಸೋರ್ಟುಲಿಂಗ್, ಅದರಲ್ಲಿ ಕಪ್ಪು ಬಣ್ಣದ ಮಾತಿದೆ. ಎಲೆ, ಕಡ್ಡಿಗಳನ್ನು ಜೌಗುನೆಲದ ಕಪ್ಪು ಮಣ್ಣಿನ ಜೊತೆ ಕುದಿಸಿ ಬಟ್ಟೆಗೆ ಕರಿ ಬಣ್ಣ ಹಾಕುತ್ತಿದ್ದರು, ತೊಗಲಿನ ಹಾಳೆಯ ಮೇಲೆ ಬರೆಯುವ ಶಾಯಿಯನ್ನೂ ಇದರಿಂದ ಮಾಡುತ್ತಿದ್ದರು. ಮರವೇ ಅಪರೂಪವಾದ ನಾಡಿನಲ್ಲಿ, ನೆಲಕ್ಕೆ ಅಂಟಿ ಬೆಳೆಯುವ ಗಿಡದಿಂದ ಬಂದ ಕಪ್ಪು ಅಷ್ಟು ಶತಮಾನ ಉಳಿದಿದೆ ಎಂದು ನೆನೆದರೆ ಮೈ ಜುಮ್ಮೆನ್ನುತ್ತದೆ. ನಾನು ಒಂದು ಸಲ ಒಣ ಎಲೆಯನ್ನು ಕಬ್ಬಿಣದ ಮೊಳೆಯ ಜೊತೆ ನೆನೆಹಾಕಿ ನೋಡಿದೆ. ಮೊದಲ ದಿನ ತಿಳಿ ಚಹಾದ ಬಣ್ಣ. ನಾಲ್ಕನೆಯ ದಿನ ಲೇಖನಿ ಅದ್ದಿ ಗೀರೆಳೆದರೆ ಮಸುಕು ಬೂದಿ ಬಣ್ಣ, ನೋಡನೋಡುತ್ತಿದ್ದಂತೆ ಗಾಳಿಗೆ ಅದು ಕಪ್ಪಾಗುತ್ತ ಹೋಯಿತು.

ಎಲೆಯ ಬೆನ್ನು:
ಎಷ್ಟು ಚೆಂದದ ವಿಷಯ! ಉತ್ತರ ಅಮೆರಿಕದಲ್ಲಿ ಇದಕ್ಕೆ ಕಿನಿಕಿನಿಕ್ ಎಂಬ ಹೆಸರಿದೆ, ಅಲ್ಗಾಂಕಿಯನ್ ಭಾಷೆಯಲ್ಲಿ ಬೆರಕೆ ಎಂದರ್ಥ. ಒಣಗಿದ ಎಲೆಯನ್ನು ತಂಬಾಕು, ಬೇರೆ ತೊಗಟೆಗಳ ಜೊತೆ ಬೆರೆಸಿ ಅಲ್ಲಿನ ಮೂಲನಿವಾಸಿಗಳು ಚಿಲುಮೆಯಲ್ಲಿ ಸೇದುತ್ತಿದ್ದರು. ಮೊದಲು ಆ ಮಿಶ್ರಣಕ್ಕೆ ಇದ್ದ ಹೆಸರು ಆಮೇಲೆ ಗಿಡಕ್ಕೇ ನಿಂತಿತು. 1806ರ ಜನವರಿಯಲ್ಲಿ ಪೆಸಿಫಿಕ್ ತೀರದ ಫೋರ್ಟ್ ಕ್ಲಾಟ್ಸಪ್‌ನಲ್ಲಿ ಬೀಡುಬಿಟ್ಟಿದ್ದ ಅಮೆರಿಕದ ಅನ್ವೇಷಕ ಮೆರಿವೆದರ್ ಲೂಯಿಸ್ ತನ್ನ ದಿನಚರಿಯಲ್ಲಿ ಈ ಗಿಡವನ್ನು ಎಲೆ ಎಲೆಯಾಗಿ ವರ್ಣಿಸಿದ್ದಾನೆ. ಹಣ್ಣು ಸಪ್ಪೆ ಎಂದೂ ಬರೆದಿದ್ದಾನೆ. ಕರಡಿಗಳಿಗೆ ಆ ದೂರಿಲ್ಲ. ಹಣ್ಣು ಚಳಿಗಾಲವಿಡೀ ಗಿಡದ ಮೇಲೇ ಉಳಿಯುವುದರಿಂದ ನಿದ್ದೆ ಮುಗಿಸಿ ಎದ್ದ ಕರಡಿಗೆ ಹಿಮದಡಿಯಿಂದ ಮೊದಲು ಸಿಗುವ ತುತ್ತುಗಳಲ್ಲಿ ಇದೂ ಒಂದು.

ಸೆಕೆನಾಡು:
ನಡುವೆ ಬಂದೆ, ಒಂದೇ ಪ್ರಶ್ನೆ. ಬಿಸಿ ಮತ್ತು ತೇವ ಎರಡೂ ಹೆಚ್ಚಿರುವ ಕಡೆ ಇದನ್ನು ಕುಂಡದಲ್ಲಿ ಬೆಳೆಸಬಹುದೇ?

ಬೇರುಬಿಳಲು:
ಇಲ್ಲ ಅಣ್ಣ. ಸೊನ್ನೆಗಿಂತ ನಲವತ್ತು ಡಿಗ್ರಿ ಕೆಳಗಿನ ಚಳಿ ತಡೆಯುವ ಗಿಡ ಇದು, ಸೆಕೆಯ ರಾತ್ರಿಯನ್ನು ತಡೆಯುವುದಿಲ್ಲ. ಎಲೆಚುಕ್ಕೆ ರೋಗ ಬಂದು ಒಂದೇ ಬೇಸಿಗೆಯಲ್ಲಿ ಹೋಗುತ್ತದೆ. ಗಿಡವನ್ನು ಹಿಂಸಿಸಬೇಡಿ.

ಇಳಿಜಾರು ಅಕ್ಕ, ಮರಿ ಮಾಡುವ ವಿಷಯ ಬಾಕಿ ಇತ್ತು. ಬೀಜದ ದಾರಿ ಹಿಡಿಯಬೇಡಿ. ಓಟೆ ಎಷ್ಟು ಗಟ್ಟಿ ಎಂದರೆ ಸಸ್ಯಕ್ಷೇತ್ರಗಳಲ್ಲಿ ಅದನ್ನು ಗಂಟೆಗಟ್ಟಲೆ ಗಂಧಕಾಮ್ಲದಲ್ಲಿ ನೆನೆಸಿ, ಆಮೇಲೆ ಕೆಲವು ತಿಂಗಳು ಬೆಚ್ಚಗೆ, ಮತ್ತೆ ಕೆಲವು ತಿಂಗಳು ತಣ್ಣಗೆ ಇಡುತ್ತಾರೆ. ಮನೆಯಲ್ಲಿ ಆಗುವ ಕೆಲಸವಲ್ಲ.

ಗಿಡವೇ ದಾರಿ ತೋರಿಸುತ್ತದೆ. ಹಬ್ಬಿದ ಕಾಂಡ ಮಣ್ಣಿಗೆ ತಾಗಿದಲ್ಲಿ ತಾನಾಗಿಯೇ ಬೇರು ಬಿಡುತ್ತದೆ. ನೀವು ಅದಕ್ಕೆ ಸ್ವಲ್ಪ ನೆರವಾದರೆ ಸಾಕು. ಒಂದು ಉದ್ದನೆಯ ಕಾಂಡವನ್ನು ಇಳಿಜಾರಿನ ಕಡೆ ತಿರುಗಿಸಿ. ನಡುವಿನ ಒಂದು ಗೇಣು ಭಾಗದ ಎಲೆ ತೆಗೆದು, ತಳಭಾಗದ ತೊಗಟೆಯನ್ನು ಉಗುರಿನಿಂದ ತುಸು ಕೆರೆದು ಮಣ್ಣಿಗೆ ಒತ್ತಿ. ಬಾಗಿಸಿದ ತಂತಿಯನ್ನು ಚುಚ್ಚಿ ಅದು ಏಳದಂತೆ ಮಾಡಿ. ಮೇಲೆ ಒಂದು ಹಿಡಿ ಮರಳು, ಪೈನ್ ಸೂಜಿ ಉದುರು ಸಿಕ್ಕಿದರೆ ಅದೂ. ತುದಿ ಹೊರಗಿರಲಿ. ಒಂದು ವರ್ಷ ಮುಟ್ಟಬೇಡಿ. ಬೇರು ಹಿಡಿದ ಮೇಲೆ ತಾಯಿಗಿಡದಿಂದ ಕತ್ತರಿಸಿದರೂ ಸರಿ, ಹಾಗೇ ಬಿಟ್ಟರೂ ಸರಿ. ಇಳಿಜಾರಿನಲ್ಲಿ ಹಾಗೇ ಬಿಡುವುದೇ ಒಳ್ಳೆಯದು, ಒಂದಕ್ಕೊಂದು ಹೆಣೆದುಕೊಂಡರೆ ತಾನೇ ಮಣ್ಣು ನಿಲ್ಲುವುದು. ಹೊಸ ಸಸಿ ತರುವುದಾದರೆ ಒಂದರಿಂದ ಒಂದಕ್ಕೆ 60ರಿಂದ 90 ಸೆಂಟಿಮೀಟರ್ ಅಂತರ ಇರಲಿ. ಮೊದಲ ಎರಡು ವರ್ಷ ಏನೂ ಬೆಳೆಯುತ್ತಿಲ್ಲ ಎನಿಸುತ್ತದೆ. ಆ ಹೊತ್ತಿಗೆ ನಡುವೆ ಏಳುವ ಹುಲ್ಲನ್ನು ಕೈಯಿಂದಲೇ ಕೀಳಿ, ಗುದ್ದಲಿ ಬೇಡ.

ಇಳಿಜಾರು:
ಬಹಳ ದಿನವಾಯಿತು, ಸುದ್ದಿ ತಿಳಿಸಲು ಬಂದೆ.

ಅತ್ತಿಗೆಯ ಪರೀಕ್ಷೆಯಲ್ಲಿ ಇ. ಕೊಲೈ ಬಂತು. ಮೊದಲ ಎರಡು ಸಲ ಯಾವ ಮಾತ್ರೆ ಕೊಟ್ಟಿದ್ದರೋ ಅದಕ್ಕೆ ಈ ಬ್ಯಾಕ್ಟೀರಿಯಾ ಬಗ್ಗುವುದೇ ಇಲ್ಲವಂತೆ. ಈ ಸಲ ವರದಿ ನೋಡಿ ಬೇರೆ ಔಷಧಿ ಕೊಟ್ಟರು, ಎರಡೇ ದಿನದಲ್ಲಿ ಉರಿ ನಿಂತಿತು. ಸ್ಕ್ಯಾನಿಂಗ್‌ನಲ್ಲಿ ಕಲ್ಲೇನೂ ಇಲ್ಲ. ಎಲೆಯ ವಿಷಯವನ್ನು ವೈದ್ಯೆಯ ಮುಂದೆ ಬಾಯಿಬಿಟ್ಟು ಹೇಳಿದೆವು. ಅವರು ಬೈಯಲಿಲ್ಲ. ಮುಂದೆ ಸಣ್ಣಗೆ ಶುರುವಾದರೆ ಮೊದಲು ನನಗೆ ಫೋನ್ ಮಾಡಿ, ಆಮೇಲೆ ಯೋಚಿಸೋಣ ಎಂದರು.

ನೀರಿನ ಋಣ:
ಅಬ್ಬಾ. ಈ ಸುದ್ದಿಗಾಗಿ ದಿನಾ ಬಂದು ನೋಡುತ್ತಿದ್ದೆ ಅಕ್ಕ. ಗಿಡ ಹೇಗಿದೆ?

ಇಳಿಜಾರು:
ಗಿಡದ ಒಂದು ಎಲೆಯನ್ನೂ ಕಿತ್ತಿಲ್ಲ ತಂಗಿ. ಮೂರು ಕಾಂಡವನ್ನು ಇಳಿಜಾರಿನ ಕಡೆ ಒತ್ತಿ ತಂತಿ ಚುಚ್ಚಿದ್ದೇನೆ. ಒಂದರ ತುದಿಯಲ್ಲಿ ಹೊಸ ಚಿಗುರು ಬಂದಿದೆ.

ನಿನ್ನೆ ಬೆಳಿಗ್ಗೆ ಮಂಡಿಯೂರಿ ನೋಡಿದರೆ ಎಲೆಗಳ ಅಡಿಯಲ್ಲಿ ಹೂ! ಹನ್ನೊಂದು ಎಣಿಸಿದೆ. ತಲೆಕೆಳಗಾಗಿ ತೂಗುಬಿದ್ದ ಪುಟ್ಟ ಕುಡಿಕೆಗಳು, ಬಿಳಿ, ಬಾಯಂಚು ಮಾತ್ರ ನಸುಗೆಂಪು. ಮೈತುಂಬ ರೋಮವಿರುವ ಒಂದು ದೊಡ್ಡ ಜೇನುನೊಣ ಬಂದು ಹೂವಿಗೆ ಜೋತುಬಿದ್ದು ಗುಂಯ್ ಎಂದು ನಡುಗಿತು, ಇಡೀ ಕಾಂಡವೇ ಅಲುಗಿತು. ಅದು ಹೋದ ಮೇಲೂ ನಾನು ಅಲ್ಲೇ ಕೂತಿದ್ದೆ. ಯಾಕೆ ಹಾಗೆ ನಡುಗಿಸುತ್ತದೆ, ಯಾರಿಗಾದರೂ ಗೊತ್ತೇ?

ಎಲೆಯ ಬೆನ್ನು:
ಅದು ಬಂಬಲ್‌ಬೀ. ಈ ಹೂವಿನ ಪರಾಗಕೋಶ ಸೀಳಿಕೊಳ್ಳುವುದಿಲ್ಲ, ತುದಿಯಲ್ಲಿ ಎರಡು ಸಣ್ಣ ರಂಧ್ರ ಮಾತ್ರ ಇರುತ್ತವೆ. ರೆಕ್ಕೆಯ ಸ್ನಾಯುಗಳನ್ನು ಅದುರಿಸಿ ಹೂವನ್ನು ನಡುಗಿಸಿದರೆ ಉಪ್ಪಿನ ಡಬ್ಬಿ ಅಲುಗಿಸಿದಂತೆ ಪರಾಗ ಉದುರುತ್ತದೆ. ಹನ್ನೊಂದರಲ್ಲಿ ಎಷ್ಟು ಹಣ್ಣಾಯಿತು ಎಂದು ಶರತ್ಕಾಲದಲ್ಲಿ ಬಂದು ಹೇಳಿ ಅಕ್ಕ.